ಬಚ್ಚಲಲ್ಲಿ ಬೀಗದವನು

ಕೂಗಬೇಕೋ, ಬೇಡವೋ? ಕೂಗಿದರೆ ಮೇಲಿನ ಮನೆಯವರಿಗೂ ಕೇಳುತ್ತದೆ. ಊರಿನ ಬೀಗಗಳನ್ನೆಲ್ಲ ತೆಗೆಯುವವನು ಸ್ವಂತ ಬಚ್ಚಲಲ್ಲಿ ಸಿಕ್ಕಿಬಿದ್ದ ಸುದ್ದಿ ಸಂಜೆಯೊಳಗೆ ಬೀದಿಗೆಲ್ಲ ಹಬ್ಬುತ್ತದೆ. ಟವೆಲ್ ಸುತ್ತಿಕೊಂಡು, ಕಿತ್ತು ಕೈಗೆ ಬಂದ ಹಿಡಿಕೆಯನ್ನು ನೋಡುತ್ತ ಅವನು ಹತ್ತು ನಿಮಿಷದಿಂದ ನಿಂತಿದ್ದ. ಹೆಂಡತಿಯನ್ನು ಕರೆಯಲು ಇನ್ನೊಂದು ಅಡ್ಡಿಯೂ ಇತ್ತು. ಕೆಲಸ ಕಲಿಸಿ, ನಾನೂ ಅಂಗಡಿಯಲ್ಲಿ ಕೂರುತ್ತೇನೆ ಎಂದು ಅವಳು ಕೇಳಿದಾಗ, "ನಿನ್ನ ಕೈಲಾಗೋ ಕೆಲಸ ಅಲ್ಲ ಬಿಡು" ಎಂದುಬಿಟ್ಟಿದ್ದ. ಅಂದಿನಿಂದ ನಾಲ್ಕು ದಿನವಾಯಿತು, ಮನೆಯಲ್ಲಿ ಮಾತಿಲ್ಲ.

"ಇವಳೇ..." ಎಂದ, ಮೆಲ್ಲಗೆ.

ಹೆಜ್ಜೆ ಸದ್ದು ಬಾಗಿಲ ಬಳಿ ನಿಂತಿತು. "ಬೀಗದವರನ್ನ ಕರೆಸ್ಲಾ? ಒಬ್ಬರು ಗೊತ್ತು ನಂಗೆ. ಆದ್ರೆ ಈ ಹಿಡಿಕೆ ನಾಳೆ ನೋಡ್ತೀನಿ ಅಂತ ಆರು ತಿಂಗಳಿಂದ ಹೇಳ್ತಾನೇ ಇದಾರೆ."

"ಹೊಟ್ಟೆ ಉರಿಸ್ಬೇಡ ಮಾರಾಯ್ತಿ. ನನ್ನ ಚೀಲದಲ್ಲಿ ಸ್ಕ್ರೂಡ್ರೈವರ್ ಇದೆ, ಇಕ್ಕಳ ಇದೆ, ತಗೊಂಬಾ."

ಅವಳು ಹೊರಗಿನ ಹಿಡಿಕೆ ಬಿಚ್ಚಿದಳು.

"ಈಗ ಹಿಡಿಕೆ ಕೂರೋ ಕಬ್ಬಿಣದ ಕಡ್ಡಿ ಕಾಣುತ್ತಲ್ಲ, ಅದನ್ನ ಇಕ್ಕಳದಲ್ಲಿ ಹಿಡಿದು ತಿರುಗಿಸು."

"ಜಾರ್ತಿದೆ."

"ಬಿಗಿಯಾಗಿ ಹಿಡಿಯೇ!"

"ಹಿಡ್ದಿದೀನ್ರೀ! ಒಂದ್ನಿಮಿಷ ಬಾಯಿ ಮುಚ್ಕೊಂಡಿರಿ, ನಂಗೇನೋ ಹೊಳೀತಿದೆ." ಅವಳು ಅಡುಗೆಮನೆಯತ್ತ ಓಡಿದ ಸದ್ದಾಯಿತು.

ಅವನ ಕೈ ಸುಮ್ಮನಿರಲಿಲ್ಲ. ಬಾಚಣಿಗೆಯ ತುದಿಯನ್ನು ಹಿಡಿಕೆ ಇದ್ದ ತೂತಿನಲ್ಲಿ ಕಡ್ಡಿಯ ಪಕ್ಕಕ್ಕೆ ತೂರಿಸಿ ತಿರುಗಿಸಿದ. ಬೀಗದ ನಾಲಿಗೆ ಸರಕ್ಕನೆ ಒಳಗೆ ಸರಿಯಿತು. ಇನ್ನು ತಳ್ಳಿದರೆ ಸಾಕು.

ಅಷ್ಟರಲ್ಲಿ ಅವಳು ಏದುಸಿರು ಬಿಡುತ್ತ ಬಂದಳು. "ಬಾಟಲಿ ಮುಚ್ಚಳ ಜಾರಿದ್ರೆ ರಬ್ಬರ್ ಸುತ್ತಿ ತೆಗೀತೀನಲ್ಲ, ಇದೂ ಹಾಗೇ ತಾನೇ? ಕಡ್ಡಿ ಸವೆದುಹೋಗಿದೆ ಅಷ್ಟೇ. ಹೌದಲ್ವಾ?" ಎಷ್ಟು ಉತ್ಸಾಹವಿತ್ತು ಆ ದನಿಯಲ್ಲಿ! ಹೀಗೆ ಅವಳು ಮಾತಾಡಿದ್ದು ಕೇಳಿ ವರ್ಷಗಳೇ ಆಗಿದ್ದವು.

ಅವನು ಸದ್ದಾಗದಂತೆ ಬಾಚಣಿಗೆಯನ್ನು ಹಿಂದಕ್ಕೆ ತಿರುಗಿಸಿದ. ನಾಲಿಗೆ ಮತ್ತೆ ಚೌಕಟ್ಟಿನ ಗೂಡಿಗೆ ಸೇರಿ ಬಾಗಿಲು ಬಿಗಿಯಿತು.

"ಹೌದು. ನೋಡು, ನಿನಗೆ ತೋಚಿದ ಹಾಗೆ ಮಾಡು."

ಮೂರನೆಯ ಪ್ರಯತ್ನಕ್ಕೆ ಬಾಗಿಲು ತೆರೆಯಿತು. ಬೆವರಿದ ಮುಖ, ಕೈಯಲ್ಲಿ ಇಕ್ಕಳ, ಕಿವಿಯವರೆಗೂ ನಗು. ಕಡ್ಡಿಗೆ ರಬ್ಬರ್ ಸುತ್ತುವುದು ಬೀಗದ ಕೆಲಸದ ಇಪ್ಪತ್ತು ವರ್ಷದಲ್ಲಿ ಅವನಿಗೆ ಹೊಳೆದಿರಲಿಲ್ಲ.

"ನಾಳೆ ಎಂಟಕ್ಕೆ ಅಂಗಡಿ ತೆಗೀಬೇಕು," ಎಂದ ಅವನು. "ತಡ ಮಾಡ್ಬೇಡ."

ಈಗ ಅಂಗಡಿಯಲ್ಲಿ ಎರಡು ಕುರ್ಚಿಗಳಿವೆ. ಬಂದವರಿಗೆಲ್ಲ ಅವಳು ಈ ಕಥೆ ಹೇಳುತ್ತಾಳೆ. ಹೇಳಿದಾಗಲೆಲ್ಲ ಅವನು ಬಚ್ಚಲಲ್ಲಿದ್ದ ಹೊತ್ತು ಅರ್ಧ ಗಂಟೆ ಹೆಚ್ಚುತ್ತದೆ. "ಅಳೋದೊಂದು ಬಾಕಿ ಇತ್ತು ನಮ್ಮೆಜಮಾನ್ರು!" ಅವನು ಕೀಲಿ ಉಜ್ಜುತ್ತ ಹೂಂಗುಡುತ್ತಾನೆ.

ಬೀಗ ಒಮ್ಮೆ ಒಳಗಿನಿಂದಲೇ ತೆರೆದುಕೊಂಡಿತ್ತೆಂದು ಅವನು ಯಾವತ್ತೂ ಹೇಳಲಿಲ್ಲ.