ಜಪ್ತಿಯಾದ ಪದ

ಆ ಪುಟ್ಟ ದ್ವೀಪದಲ್ಲಿ ಜೈಲಿಗೆ ಜಾಗವಿರಲಿಲ್ಲ. ಅಪರಾಧಿಯ ನಾಲಿಗೆಯಿಂದ ನ್ಯಾಯಾಲಯ ಒಂದು ಪದವನ್ನು ಜಪ್ತಿ ಮಾಡುತ್ತಿತ್ತು. ಯಾವ ಪದವೆಂದು ನೊಂದವರು ಹೇಳಬೇಕು. ಧನಂಜಯ ಕುಡಿದು ಓಡಿಸಿದ ದೋಣಿ ಮಗುಚಿ ಸರಸಕ್ಕನ ಒಬ್ಬಳೇ ಮಗಳು ಮುಳುಗಿದ್ದಳು. ಸರಸಕ್ಕ ಕೇಳಿದ್ದು ‘ಅಮ್ಮ’ ಎಂಬ ಪದವನ್ನು.

“ಕೊನೇ ಸಲ ಕರೆದುಬಿಡಪ್ಪ,” ಎಂದರು ನ್ಯಾಯಾಧೀಶರು.

ಧನಂಜಯನ ತಾಯಿ ನಳಿನಾಕ್ಷಿ ಮುಂದಕ್ಕೆ ಬಾಗಿದಳು. ಅವಳಿಗೆ ಕಿವಿ ಮಂದ, ಮೇಲೆ ಫ್ಯಾನಿನ ಗರಗರ ಸದ್ದು. ಸರಸಕ್ಕನೇ ಎದ್ದುಹೋಗಿ ಫ್ಯಾನ್ ಆರಿಸಿದಳು.

“ಈಗ ಕೇಳಿಸ್ಕೊಳ್ಳಿ,” ಎಂದಳು.

“ಅಮ್ಮಾ!”

ಹೊರಗೆ ಮೆಟ್ಟಿಲಿಳಿಯುವಾಗ ನಳಿನಾಕ್ಷಿ ಎಡವಿದಳು. ಮಗ ಓಡಿಬಂದು ತೋಳು ಹಿಡಿದ, ಬಾಯಿ ತೆರೆದು ತಡವರಿಸಿದ.

“ನೋಡ್ಕೊಂಡು ಬನ್ರೀ,” ಎಂದ, ದಾರಿಹೋಕರಿಗೆ ಹೇಳುವಂತೆ.

“ಹ್ಞೂಂ, ಮಗಾ,” ಎಂದಳು ನಳಿನಾಕ್ಷಿ, ಹಿಂದೆ ಬರುತ್ತಿದ್ದ ಸರಸಕ್ಕನಿಗೆ ಕೇಳಿಸದಷ್ಟು ಮೆಲ್ಲಗೆ.