ಬೀಗರ ಮನೆಯ ಸಾವು

ಮಗಳು ವಾರಿಜಾಳ ನಿಶ್ಚಿತಾರ್ಥ ಮುಗಿದು ವಾರವಾಗಿತ್ತಷ್ಟೆ, ಹುಡುಗನ ತಾಯಿ ತೀರಿಕೊಂಡರು. ಸಾವಿನ ಮನೆಗೆ ಹೊರಟಾಗ ಆಟೋದಲ್ಲಿ ದಾರಿಯುದ್ದಕ್ಕೂ ಗಂಡನಿಗೆ ಹೆಂಡತಿಯ ಪಾಠ ನಡೆದಿತ್ತು.

"ರೀ, ಹೋದ ಸಲ ನಮ್ಮ ದೊಡ್ಡಪ್ಪನ ಹೆಣದ ಮುಂದೆ ನಿಂತು ವಡೆ ಊಟ ಯಾವತ್ತು ಅಂತ ಕೇಳಿದ್ರಿ. ಇವತ್ತು ಹಾಗೇನಾದ್ರೂ ಅಂದ್ರೆ ಈ ಸಂಬಂಧ ಮುರಿದುಬೀಳುತ್ತೆ."

"ಏನಾದ್ರೂ ಹೇಳ್ಬೇಕಲ್ವೇನೇ?"

"ಕೈ ಮುಗೀರಿ, ಸಾಕು. ಸಮಾಧಾನ ನಾನು ಹೇಳ್ತೀನಿ."

ಗಂಡ ಹಾರ ಹಾಕಿ, ಕೈ ಮುಗಿದು, ಬಾಯಿ ಬಿಗಿದುಕೊಂಡು ಮೂಲೆಗೆ ಸರಿದ. ಹೆಂಡತಿ ಬಿಕ್ಕುತ್ತಿದ್ದ ಹುಡುಗನ ತಲೆ ಸವರಿದಳು.

"ಅಳಬೇಡಿ ಅಳಿಯಂದ್ರೇ, ದೇವರು ದೊಡ್ಡವನು. ಅತ್ತೆ ಇಲ್ಲದ ಮನೆ ಸಿಗಲಿ ಅಂತ ನಮ್ಮ ವಾರಿಜಾ ಹರಕೆ ಹೊತ್ತಿದ್ಲು. ಮದುವೆಯಾದ ಮೇಲೆ ಇಬ್ರೂ ಹೋಗಿ ತೀರಿಸಿಬಿಡಿ."