ಕೊನೆಯ ಪಂದ್ಯದ ಬೂಟು

"ಈ ಮಳೆಗೆ ಗಿಡ್ಡ ಸ್ಟಡ್ ಹಾಕಿದ್ದು ಯಾರು?" ಹಾಫ್ ಟೈಮಿನಲ್ಲಿ ಕೋಚ್, ಸೋರೆನ್‌ನ ಬೂಟಿನ ಅಡಿಯ ತಿರುಪುಮೊಳೆಗಳನ್ನು ಎಲ್ಲರಿಗೂ ತೋರಿಸಿ ಅಬ್ಬರಿಸಿದಾಗ, ತಂಡದ ಬೂಟು-ಬಟ್ಟೆ ನೋಡಿಕೊಳ್ಳುವ ಶಿರ್ವದ ಜೀತನ್ ಮಡಚುತ್ತಿದ್ದ ಟವೆಲನ್ನು ಬಿಟ್ಟು ಬೆಂಚಿನ ಮೇಲೆ ಕುಳಿತುಬಿಟ್ಟ. ಸೌದಿಯ ಅಭಾ ಊರಿನ ಬೆಟ್ಟಗಳ ಮೇಲೆ ಮೋಡ ಕಟ್ಟಿದ್ದನ್ನು ಕಂಡು ಸೋರೆನ್ ಮಧ್ಯಾಹ್ನವೇ ಉದ್ದನೆಯ ಸ್ಟಡ್ ಹಾಕಲು ಹೇಳಿದ್ದ. ಜೀತನ್ ಮರೆತಿದ್ದ. ಹದಿನೆಂಟು ವರ್ಷ ಫುಟ್‌ಬಾಲ್ ಆಡಿದ ಆ ಡೆನ್ಮಾರ್ಕಿನ ಡಿಫೆಂಡರ್, ತನ್ನ ಕೊನೆಯ ಪಂದ್ಯದಲ್ಲಿ ಒದ್ದೆ ಹುಲ್ಲಿನ ಮೇಲೆ ಜಾರಿಬಿದ್ದು ಗೋಲು ಬಿಟ್ಟುಕೊಟ್ಟಿದ್ದ.

"ಎಂತ ಮಾಡಿದ್ದು ಮಾರಾಯ? ನಿನ್ನ ಕೆಲಸ ಹೋಯ್ತು," ಎಂದು ಮಸಾಜ್ ಮಾಡುವ ಮಿಸ್ಬಾಹ್ ಪಿಸುಗುಟ್ಟಿದ. ತಪ್ಪೊಪ್ಪಿಕೊಳ್ಳಲು ಜೀತನ್ ಬಾಯಿ ತೆರೆದ.

"ಗಿಡ್ಡದ್ದೇ ಸಾಕು ಅಂದವನು ನಾನು," ಎಂದ ಸೋರೆನ್, ತಲೆ ಎತ್ತದೆ ಒದ್ದೆ ಕಾಲುಚೀಲ ಹಿಂಡುತ್ತ.

ಕೋಚ್ ನಂಬಲಿಲ್ಲ. ಬೂಟುಗಳನ್ನು ಮಿಸ್ಬಾಹ್‌ನ ಕೈಗೆ ತುರುಕಿ, "ಸ್ಟಡ್ ನೀನು ಬದಲಿಸು" ಎಂದು ಹೊರನಡೆದ. ಸೋರೆನ್ ಎದ್ದು ಬಂದು ಅವನ್ನು ಇಸಿದುಕೊಂಡ. ಜೀತನ್‌ನ ಮಡಿಲಲ್ಲಿ ಎರಡನ್ನೂ ಇಟ್ಟ.

"ಯಲ್ಲಾ, ಬೇಗ ಶುರು ಮಾಡು ಜೀತನ್. ನನ್ನ ಬೂಟು ಯಾವಾಗಲೂ ನೀನೇ ಅಲ್ವಾ ನೋಡುವುದು?" ಎಂದವನೇ ಅವನ ಎದುರಿಗೆ ಬರಿಗಾಲು ಚಾಚಿ ಕುಳಿತ.